ಎರುಕದ ಅಕ್ಕಿ

ಬಲಸಮುದ್ರದಲ್ಲಿ ಬಸ್ಸಿಳಿದಾಗ ಚಿಕ್ಕಹನುಮಕ್ಕನಿಗೆ ಸಾಕುಸಾಕಾಗಿತ್ತು. ಆಸ್ಪತ್ರೆಯವರು ಗಂಡ ಓಬಳಯ್ಯನನ್ನು "ಮನೇಲೇ ನೋಡ್ಕಳಿ" ಎಂದು ಕಳಿಸಿದ ಮೇಲೆ ಅವಳು ನೆಟ್ಟಗೆ ನಿದ್ದೆ ಮಾಡಿರಲಿಲ್ಲ. ಊರೂರು ತಿರುಗಿ ಎರುಕ ಹೇಳಿ ಬಾಳಿದವಳು, ಈಗ ಸೆರಗಿನಲ್ಲಿ ಅಕ್ಕಿ ಕಟ್ಟಿಕೊಂಡು ತಂಗಿ ಮಂಜಮ್ಮನ ಹತ್ತಿರ ಎರುಕ ಕೇಳಲು ಬಂದಿದ್ದಳು. ತನ್ನ ಕೈಯನ್ನು ತಾನೇ ನೋಡಿಕೊಳ್ಳಬಾರದೆಂಬುದು ಆ ಮನೆತನದ ಕಟ್ಟಳೆ.

ಬೇರೆ ಕಡೆ ಕಣಿ ಅನ್ನುವುದಕ್ಕೆ ಪಾವಗಡದ ಕಡೆ ಎರುಕ ಅನ್ನುತ್ತಾರೆ. ತೆಲುಗಿನ ಮಾತು, ಗೊತ್ತಿರುವುದು ಎಂದಷ್ಟೇ ಅರ್ಥ, ನಮ್ಮ ಅರಿವು ಇದ್ದ ಹಾಗೆ. ನಾಳೆಯ ಸುದ್ದಿ ಹೇಳುವ ಕಸುಬಿಗೆ ನಾಳೆಯ ಗಂಧವೇ ಇಲ್ಲದ ಹೆಸರು! ಅಕ್ಕತಂಗಿಯರ ಕೈಗೆ ಎರುಕದ ಕೋಲು ಇಟ್ಟ ದಿನ ಅವ್ವ ಹೇಳಿದ್ದಳು: "ಬಂದೋರಿಗೆ ಎಲ್ಲಾ ಮೊದ್ಲೇ ಗೊತ್ತಿರ್ತೈತೆ ಕಣ್ರೇ. ಅವರ ಕಣ್ಣಾಗಿರೋದ್ನ ನೋಡೋದೇ ಎರುಕ. ಸಾವು ಕಂಡ್ರೂ ಬಾಯಲ್ಲಿ ಒಳ್ಳೇದೇ ಹೇಳಿ. ಅಂಥ ಮನೇಲಿ ಕೊಡೋ ಅಕ್ಕಿ ಮಾತ್ರ ಮುಟ್ಟಬ್ಯಾಡಿ. ನಾಳೆ ಬಂದು ಇಸ್ಕಂತೀನಿ ಅಂದ್ಬುಟ್ಟು ಎದ್ದು ಬನ್ನಿ."

ಹಾಗೆ ಎಷ್ಟೋ ಮನೆಗಳಲ್ಲಿ ಚಿಕ್ಕಹನುಮಕ್ಕ ಅಕ್ಕಿ ಬಿಟ್ಟು ಬಂದಿದ್ದಳು. ಇವಳದು ಎಂಥ ದೊಡ್ಡ ಮನಸ್ಸು ಎಂದುಕೊಳ್ಳುತ್ತಿದ್ದರು ಪಾಪ, ಆ ಮನೆಯವರು.

ಮಂಜಮ್ಮ ಸೋಲಾರ್ ಪಾರ್ಕಿನಲ್ಲಿ ಹುಲ್ಲು ಕೀಳುವ ಕೂಲಿ ಮುಗಿಸಿ ಬಂದು ಆಗತಾನೆ ಒಲೆ ಹಚ್ಚಿದ್ದಳು.

"ನಾನು ಕಸುಬು ಬಿಟ್ಟು ಯಾವ ಕಾಲಾಯ್ತಕ್ಕಾ!"

"ಡಾಕ್ಟ್ರು ಬಾಯ್ಬಿಡಲ್ಲ. ನೀನಾದ್ರೂ ಬದುಕ್ತಾನೆ ಅನ್ನೇ. ಸುಳ್ಳಾದ್ರೂ ಸೈ."

ಮಂಜಮ್ಮ ಅಕ್ಕನ ಮುಖವನ್ನೇ ನೋಡಿದಳು. ಅಟ್ಟದ ಮೇಲಿದ್ದ ಅವ್ವನ ಕೋಲು ತಂದು, ಅಕ್ಕನ ಅಂಗೈಗೆ ತಾಗಿಸಿ, ಇದ್ದಬದ್ದ ದೇವರನ್ನೆಲ್ಲ ಕರೆದಳು. "ಭಾವ ಎದ್ದು ಓಡಾಡ್ತಾರೆ ಕಣಕ್ಕಾ. ಕೂತ್ಕಂಡು ಮುದ್ದೆ ಉಣ್ತಾರೆ. ನಿನ್ ತಾಳಿ ಗಟ್ಟಿ ಐತೆ."

ಚಿಕ್ಕಹನುಮಕ್ಕನಿಗೆ ಹೊಟ್ಟೆ ತಂಪಾಯಿತು. ಒಂದು ಒಳ್ಳೆಯ ಮಾತು ಕೇಳಿ ಎಷ್ಟು ದಿನವಾಗಿತ್ತು! ಕಣ್ಣೊರೆಸಿಕೊಂಡು, ಗಂಟು ಬಿಚ್ಚಿ ಅಕ್ಕಿಯನ್ನು ಮೊರಕ್ಕೆ ಸುರಿದು ತಂಗಿಯ ಮುಂದಿಟ್ಟಳು.

ಮಂಜಮ್ಮ ಮೊರ ಮುಟ್ಟಲಿಲ್ಲ. ಎದ್ದು ಒಲೆಯ ಕಡೆ ತಿರುಗಿ ನಿಂತಳು.

"ಇರ್ಲಿ ತಗಂಡೋಗಕ್ಕಾ. ನಾಳೆ ಬಂದು ಇಸ್ಕಂತೀನಿ."

ಚಿಕ್ಕಹನುಮಕ್ಕ ಹಿಡಿ ಹಿಡಿಯಾಗಿ ಅಕ್ಕಿಯನ್ನು ಮತ್ತೆ ಸೆರಗಿಗೆ ತುಂಬಿಕೊಂಡಳು. ಅಳಲಿಲ್ಲ, ಅಳುವುದಕ್ಕೂ ತ್ರಾಣ ಬೇಕು.

"ನಾಳೆ ಬ್ಯಾಡ ಕಣೇ," ಎಂದಳು. "ಈಗ್ಲೇ ಬಾ ನನ್ ಜತೇಗೆ. ಒಬ್ಬಳ ಕೈಲಿ ಆಗಲ್ಲ."

ಮಂಜಮ್ಮ ಒಲೆ ಆರಿಸಿ, ಬಾಗಿಲಿಗೆ ಬೀಗ ಹಾಕಿದಳು.