ಒಂದು ಸೀಲಿನ ಸಲುವಾಗಿ

“ಏಯ್, ಕೈ ಹಿಂದಕ್ ತಗಿ. ಗಾಜಿಗೆಲ್ಲ ನೀಲಿ ಹತ್ತೈತಿ. ಬಣ್ಣದ ಬಾನ್ಯಾಗ ಬಿದ್ದು ಬಂದಿಯೇನ್?”

ಹಗರಿ ವಿಶ್ವವಿದ್ಯಾಲಯದ ಪರೀಕ್ಷಾ ವಿಭಾಗದಲ್ಲಿ ಕಿಟಕಿಯ ಆಚೆ ಕೂತ ಗುಮಾಸ್ತ ಮರಿಬಸಪ್ಪ ಹೀಗೆ ಅಂದಾಗ ಸಾಲಿನಲ್ಲಿ ಎರಡು ಮೂರು ಜನ ನಕ್ಕರು. ನಾನು ಕೈ ತೆಗೆಯಲಿಲ್ಲ. ಹೌದು, ನೀಲಿಯೇ. ಬಳ್ಳಾರಿಯ ಜೀನ್ಸ್ ಘಟಕದಲ್ಲಿ ದಿನಕ್ಕೆ ಇನ್ನೂರು ಪ್ಯಾಂಟು ತೊಳೆದರೆ ಯಾರ ಕೈಯಾದರೂ ನೀಲಿಯಾಗುತ್ತದೆ. ಇವನು ತೊಟ್ಟ ಪ್ಯಾಂಟನ್ನೂ ನಮ್ಮಂಥವರೇ ಯಾರೋ ತೊಳೆದಿರಬೇಕು.

“ಮರುಮೌಲ್ಯಮಾಪನದ ಫಲಿತಾಂಶ ಸರ್. ಶಶಿರೇಖಾ, ಕುರುಗೋಡು. ಆರು ತಿಂಗಳಾತು.”

“ಬಂದಾಗ ಬರ್ತೈತಿ. ಹೋಗ್.”

“ನಲವತ್ತೈದು ದಿನದಾಗ ಕೊಡ್ತೀವಿ ಅಂತ ನೀವ ಬರ್ದೀರಲ್ರಿ.” ಆ ಪ್ರಕಟಣೆ ಅವನ ತಲೆಯ ಹಿಂದಿನ ಗೋಡೆಯ ಮೇಲೆಯೇ ಇತ್ತು.

“ಓದಾಕ ಬರ್ತೈತಲ್ಲ, ಪರೀಕ್ಷ್ಯಾಗ ಯಾಕ ಡುಮ್ಕಿ ಹೊಡದಿ ಮತ್ತ?”

ಉತ್ತರಪತ್ರಿಕೆಯ ನಕಲು ತರಿಸಿ ನೋಡಿದ್ದೆ. ಇತಿಹಾಸದ ಪತ್ರಿಕೆಯ ಹನ್ನೊಂದು, ಹನ್ನೆರಡನೇ ಪುಟಗಳನ್ನು ಕೆಂಪು ಪೆನ್ನು ಮುಟ್ಟಿಯೇ ಇರಲಿಲ್ಲ. ಸಂಗನಕಲ್ಲಿನ ಗುಡ್ಡದಲ್ಲಿ ಕಲ್ಲಿನ ಕೊಡಲಿ ಮಾಡಿದವರ ಬಗ್ಗೆ ಬರೆದ ಪುಟಗಳವು. ಆ ಗುಡ್ಡದ ಮಗ್ಗುಲಲ್ಲೇ ಜಲ್ಲಿ ಒಡೆದು ಅವ್ವ ನನ್ನನ್ನು ಓದಿಸಿದ್ದು. ಪ್ರಶ್ನೆಗೆ ಹತ್ತು ಅಂಕ, ನನಗೆ ಕಡಿಮೆ ಬಿದ್ದದ್ದು ಐದು. ಆ ಐದು ಸಿಕ್ಕರೆ ಪದವಿ, ಪದವಿ ಸಿಕ್ಕರೆ ಬಿ.ಎಡ್. ಸೀಟು. ಅದಕ್ಕೆ ಅರ್ಜಿ ಹಾಕಲು ಇನ್ನು ಒಂಬತ್ತೇ ದಿನ. ಹಾಳಾದವರು ಓದಲೇ ಇಲ್ಲ!

ನಿನ್ನೆ ಕೋರ್ಟಿನ ಉಚಿತ ಕಾನೂನು ನೆರವಿನ ಕೋಣೆಗೆ ಹೋಗಿದ್ದೆ. ವಕೀಲೆ ಶೀಲಾ ಮೇಡಂ ನಕಲು ನೋಡಿ ಹೇಳಿದ್ದರು: “ಧಾರವಾಡದ ಹೈಕೋರ್ಟ್ ಪೀಠಕ್ಕ ರಿಟ್ ಹಾಕೋಣು. ಹೆಣ್ಮಕ್ಕಳಿಗೆ ಫೀಸಿಲ್ಲ. ಆದ್ರ ಮೊದ್ಲು ಅವ್ರಿಗೆ ದೂರು ಬರ್ದು ಕೊಡು, ನಿನ್ನ ಪ್ರತಿ ಮ್ಯಾಲ ತಾರೀಖಿನ ಸೀಲ್ ಹಾಕಿಸ್ಕೊಂಡು ಬಾ. ನೀ ಕೇಳಿದ್ದಕ್ಕ ಪುರಾವೆ ಬೇಕು.”

ದೂರಿನ ಎರಡು ಪ್ರತಿಗಳನ್ನು ಕಿಟಕಿಯೊಳಗೆ ನೂಕಿದೆ. “ಒಂದು ನಿಮಗ. ಇನ್ನೊಂದಕ್ಕ ಸೀಲ್ ಒತ್ತಿ ಕೊಡ್ರಿ.”

ಓದುತ್ತಾ ಓದುತ್ತಾ ‘ಕಾನೂನು ಕ್ರಮ’ ಎಂಬಲ್ಲಿಗೆ ಬಂದಾಗ ಅವನ ಹುಬ್ಬು ಗಂಟಿಕ್ಕಿತು. “ಯಾವ ಸೂಳಿಮಗ ಬರ್ಕೊಟ್ಟ ಇದನ್ನ?”

“ನಾನ ಬರ್ದೀನಿ.”

“ಪ್ಯಾಂಟ್ ಒಗಿಯೋಳು ನಮಗ ಕೋರ್ಟ್ ತೋರಿಸ್ತಿಯೇನ್ಲೇ? ಸೀಲೂ ಇಲ್ಲ ಗೀಲೂ ಇಲ್ಲ. ಊಟದ ಹೊತ್ತಾತು, ನಡಿ.”

ಕಾಗದಗಳನ್ನು ಹೊರಗೆ ಎಸೆದ. ಅವನ್ನು ಹಿಡಿದು ಮತ್ತೆ ಮೊಣಕೈತನಕ ಕೈ ಒಳಗೆ ಚಾಚಿದೆ. ಅವನು ಗಾಜಿನ ಬಾಗಿಲನ್ನು ಜೋರಾಗಿ ಎಳೆದ. ಅದು ಮಣಿಕಟ್ಟಿಗೆ ಬಡಿಯಿತು. ಆಗಲೂ ಕೈ ತೆಗೆಯಲಿಲ್ಲ.

ನನ್ನ ಹಿಂದೆ ಸಿರುಗುಪ್ಪದ ಅಂಜಿನಿ ನಿಂತಿದ್ದ. ಇದೇ ಕೆಲಸಕ್ಕೆ ಮೂರನೇ ಸಲ ಬಸ್ಸು ಹತ್ತಿ ಬಂದವನು. “ಸೀಲ್ ಒತ್ರಿ ಸರ್! ನಿಮ್ಮಪ್ಪನ ಗಂಟೇನ್ ಹೋಗ್ತೈತಿ?” ಎಂದು ಕೂಗಿದ. ಸಾಲಿನಲ್ಲಿ ಈ ಸಲ ಯಾರೂ ನಗಲಿಲ್ಲ.

“ಸೀಲ್ ಬೇಕಾ? ತಗೋ ರಂಡಿ!”

ಮರಿಬಸಪ್ಪ ಸೀಲನ್ನು ಕಾಗದದ ಮೇಲಲ್ಲ, ನನ್ನ ಕೈ ಮೇಲೆ ಗುದ್ದಿದ. ನೋವಿಗೆ ಕಣ್ಣು ಕತ್ತಲಿಟ್ಟಿತು. ಒಳಗಿನ ಮೇಜುಗಳಲ್ಲಿ ಯಾರೋ ಕಿಸಕ್ಕನೆ ನಕ್ಕರು.

ಕೈ ಹೊರತೆಗೆದು ನೋಡಿದೆ. ಕೆಂಪು ಮಸಿ. ಹಗರಿ ವಿಶ್ವವಿದ್ಯಾಲಯ, ಪರೀಕ್ಷಾ ವಿಭಾಗ, ಸ್ವೀಕರಿಸಲಾಗಿದೆ. ಕೆಳಗೆ ಇವತ್ತಿನ ತಾರೀಖು. ಒಂದಕ್ಷರವೂ ಕದಡಿರಲಿಲ್ಲ.

ಆಟೊದಲ್ಲಿ ಕೋರ್ಟು ಮುಟ್ಟುವತನಕ ಕೈಯನ್ನು ಸೆರಗಿಗೂ ತಾಗಿಸಲಿಲ್ಲ. ಸಾಕ್ಷಿ ಹೇಳುತ್ತೇನೆಂದು ಅಂಜಿನಿಯೂ ಬಂದ. ಶೀಲಾ ಮೇಡಂ ಊಟದ ಡಬ್ಬಿ ಬಿಚ್ಚಿದ್ದರು. ಅವರ ಮೇಜಿನ ಮೇಲೆ ದೂರಿನ ಪ್ರತಿಗಳನ್ನಿಟ್ಟು, ಅವುಗಳ ಮೇಲೆ ಊದಿದ ಕೈ ಇಟ್ಟೆ.

“ಪುರಾವೆ ತಂದೀನಿ ಮೇಡಂ. ಜಡ್ಜ್ ಸಾಹೇಬ್ರು ನೋಡೋತನಕ ಈ ಕೈ ನೀರಿಗೆ ಇಡಂಗಿಲ್ಲ.”