ಔಲುವಿನಿಂದ ಬಂದ ಗುಡ್ಡ

ಭಾವ ಷರತ್ತು ಹಾಕಿದ್ದು ಕಾಫಿ ಲೋಟದೊಳಗೆ ನೋಡುತ್ತಾ.

“ಕೆಂಪು ಗೆರೆ ದಾಟಿದ್ರೆ ಟ್ರಕ್ ನಾನೇ ಓಡಿಸ್ತೀನಿ. ದಾಟ್ಲಿಲ್ಲ ಅಂದ್ರೆ ಕೀ ಲೆಂಪಿ ಕೈಗೆ. ಆಮೇಲೆ ಈ ಮನೇಲಿ ಯಾರೂ ಆ ಮಾತು ಎತ್ಕೂಡದು.”

ಲೆಂಪಿ ನನ್ನ ಅಕ್ಕ. ಭಾವನ ಹೆಸರು ರೈನೊ. ಎಲೆ ಉದುರುವ ಕಾಲದಲ್ಲಿ ಅವರಿಗೆ ಸಣ್ಣದಾಗಿ ಲಕ್ವ ಹೊಡೆದು ಬಲಗೈ ಸೋತಿತ್ತು. ಈಗ ಆ ಕೈ ಲೋಟ ಹಿಡಿಯುತ್ತಿತ್ತು, ಅಂಗಿಯ ಗುಂಡಿ ಹಾಕುತ್ತಿತ್ತು. ಗಾಡಿ ಓಡಿಸಲು ಅಡ್ಡಿಯಿಲ್ಲ ಎಂದ ಡಾಕ್ಟರು ‘ನಿಮಗೇ ಅನುಮಾನ ಬಂದರೆ ಮಾತ್ರ ಬೇಡ’ ಎಂದೂ ಸೇರಿಸಿದ್ದರು. ಕೆರೆದಂಡೆಯ ನಮ್ಮ ಮರದ ಮನೆಗೆ ಹೋಗುವ ಹೆದ್ದಾರಿ ಜನವರಿಯಲ್ಲಿ ಹೇಗಿರುತ್ತದೆಂದು ಕೆನಡಾದ ಈ ಥಂಡರ್ ಬೇಯಲ್ಲಿ ಬೆಳೆದವರಿಗೆ ಹೇಳಬೇಕಿಲ್ಲ. ಕೆಳಗೆ ಕಾಣದ ಮಂಜುಗಡ್ಡೆ, ಎದುರಿಗೆ ದಿಮ್ಮಿ ಲಾರಿಗಳು. ಅಕ್ಕನಿಗೆ ಆ ದಾರಿ ಕನಸಿನಲ್ಲೂ ಬರುತ್ತಿತ್ತು.

ಕೆಂಪು ಗೆರೆ ಇದ್ದದ್ದು ಒಂದು ಹಳೆಯ ವಿಡಿಯೊ ಗೇಮಿನಲ್ಲಿ. ಹಿಮದ ಗುಡ್ಡದಿಂದ ಒಬ್ಬ ಮನುಷ್ಯ ಸ್ಕೀ ಕಟ್ಟಿಕೊಂಡು ಜಾರಿ ಬರುತ್ತಾನೆ. ಜಾರುಹಲಗೆಯ ತುದಿಗೆ ಬಂದಾಗ ಗುಂಡಿ ಒತ್ತಬೇಕು. ಒಂದು ಕ್ಷಣ ಮೊದಲಾದರೂ ತಡವಾದರೂ ಅವನು ಕಲ್ಲಿನ ಚೀಲದಂತೆ ಬೀಳುತ್ತಾನೆ. ಸರಿಯಾಗಿ ಒತ್ತಿದರೆ ಕೆಳಗಿನ ಕೆಂಪು ಗೆರೆಯನ್ನು ದಾಟಿ ಇಳಿಯುತ್ತಾನೆ. ಭಾವ ಮದುವೆಯಾದ ವರ್ಷದಿಂದ ಇದನ್ನು ಆಡುತ್ತಿದ್ದರು. ಕ್ರಿಸ್‌ಮಸ್ಸಿನಲ್ಲಿ ಕೂಡಿದ ನೆಂಟರೆಲ್ಲ ಅವರ ಕೈಯಲ್ಲಿ ಸೋತವರೇ. “ಕೈ ಹೇಗಿದೆ ಅಂತ ಡಾಕ್ಟರ್ ಕೇಳಿದ್ರೆ ಏನು ಹೇಳ್ಲಿ?” ಎಂದು ಈಗ ಕೇಳಿದರು. “ಈ ಗುಡ್ಡ ಸುಳ್ಳು ಹೇಳಲ್ಲ.”

ಹಳೆಯ ಯಂತ್ರವೂ ಅದರ ಪುಟ್ಟ ಟಿವಿಯೂ ಕಳೆದ ವರ್ಷ ಸುಟ್ಟುಹೋಗಿದ್ದವು. ಹಳೆಯ ಕ್ಯಾಸೆಟ್‌ಗಳನ್ನೆಲ್ಲ ಆಡಿಸುವ ಹೊಸ ಯಂತ್ರವನ್ನು ಮಕ್ಕಳು ತರಿಸಿಕೊಟ್ಟಿದ್ದರು. ಅದನ್ನು ಜೋಡಿಸುವ ಕೆಲಸ ನನಗೆ ಬಂತು. ನಾನು ಹಗಲಿನಲ್ಲಿ ಶಾಲೆಯೊಂದರ ಅಡುಗೆಮನೆಯಲ್ಲಿ ದುಡಿಯುವವಳು. ರಿಪೇರಿ ಕಲಿತದ್ದು ಸಂಜೆ ಕಾಲೇಜಿನಲ್ಲಿ, ಎರಡು ಚಳಿಗಾಲ. ಎಲ್ಲರೂ ನನ್ನನ್ನು ನಂಬುತ್ತಾರೆ. ಅದೇ ನನಗೆ ಭಯ.

ಯಂತ್ರದಲ್ಲಿ ‘ಹೊಂದಾಣಿಕೆ’ ಎಂಬ ಒಂದು ಪುಟವಿತ್ತು. ಯಾವ ದೇಶದ ಆಟವೆಂದು ಯಂತ್ರವೇ ಗುರುತಿಸಲಿ ಎಂದೂ ಬಿಡಬಹುದಿತ್ತು. ನಾನು ಬಿಡಲಿಲ್ಲ. ಯಂತ್ರ ತಪ್ಪು ಮಾಡಿದರೆ ಅಂತ ‘ಉತ್ತರ ಅಮೆರಿಕ’ ಎಂದು ನಾನೇ ಆರಿಸಿ ಗಟ್ಟಿ ಮಾಡಿದೆ. ಟಿವಿ ಚಿತ್ರ ತಡವಾಗಿ ತೋರಿಸದಂತೆ ಅದರ ಸೆಟ್ಟಿಂಗನ್ನೂ ಬದಲಿಸಿದೆ. ಎರಡೆರಡು ಸಲ ನೋಡಿದೆ.

ಭಾವ ಕೂತರು. ಸಂಗೀತ ಶುರುವಾಯಿತು. ಮನುಷ್ಯ ಜಾರಿದ, ಬಿದ್ದ. ಮತ್ತೆ ಜಾರಿದ, ಮತ್ತೆ ಬಿದ್ದ. ಪ್ರತಿ ಸಲವೂ ತುದಿ ದಾಟಿಹೋದ ಮೇಲೆ ಭಾವನ ಬೆರಳು ಒತ್ತುತ್ತಿತ್ತು.

“ಏನ್ ಭಾವ, ಅವನಿಗೂ ಲಕ್ವ ಹೊಡೀತಾ?” ಎಂದೆ, ನಗಿಸಲು. ಆಡಿದ ಕೂಡಲೇ ನಾಲಿಗೆ ಕಚ್ಚಿಕೊಂಡೆ.

ಅವರು ನಕ್ಕರು. “ಇವನು ಯಾರೋ ಬೇರೆ ಕಣೇ. ಹಿಂದಿನಿಂದ ನಾಯಿ ಅಟ್ಟಿಸ್ಕೊಂಡು ಬಂದ ಹಾಗೆ ಓಡ್ತಾನೆ. ಇದು ನನ್ನ ಗುಡ್ಡ ಅಲ್ಲ.”

“ಸೋತೋರೆಲ್ಲ ಅನ್ನೋದೇ ಹಾಗೆ,” ಎಂದಳು ಅಕ್ಕ ಅಡುಗೆಮನೆಯಿಂದ. ಅವಳ ದನಿಯಲ್ಲಿ ಗೆಲುವಿರಲಿಲ್ಲ, ನಿಟ್ಟುಸಿರಿತ್ತು.

“ಇನ್ನೂ ಮುಗಿದಿಲ್ಲ. ಸೌನಾ ಆದ್ಮೇಲೆ ಇನ್ನೊಂದು ಸಲ. ಬೆರಳು ಬೆಚ್ಚಗಾಗ್ಲಿ.”

ಶನಿವಾರ ಹಿತ್ತಿಲ ಹಬೆಸ್ನಾನದ ಕೋಣೆಯಲ್ಲಿ, ಅಂದರೆ ಸೌನಾದಲ್ಲಿ, ಒಲೆ ಹೊತ್ತಿಸುವುದು ಭಾವನದೇ ಕೆಲಸ. ಹಿತ್ತಿಲ ಬಾಗಿಲಲ್ಲಿ ಕೂತು ಬೂಟು ಏರಿಸುತ್ತಾ ಅವರು ಆಟದ ರಾಗವನ್ನು ಗುನುಗತೊಡಗಿದರು. ನಾನು ತಂತಿ ಸುತ್ತುತ್ತಿದ್ದವಳು ಕೈ ನಿಲ್ಲಿಸಿದೆ. ಟಿವಿಯಲ್ಲಿ ಅದೇ ರಾಗ ಇನ್ನೂ ನುಡಿಯುತ್ತಿತ್ತು, ಆದರೆ ಎರಡೂ ಜೊತೆಗೂಡುತ್ತಿರಲಿಲ್ಲ. ಭಾವ ಒಂದು ಸಾಲು ಮುಗಿಸುವಷ್ಟರಲ್ಲಿ ಯಂತ್ರ ಮುಂದಿನ ಸಾಲಿಗೆ ದಾಟಿರುತ್ತಿತ್ತು. ಅವರು ಎಳೆದು ಹಾಡುವವರಲ್ಲ. ಚರ್ಚಿನಲ್ಲಿ ಹಾಡುವಾಗ ಪಾದ್ರಿಯನ್ನೂ ಹಿಂದೆ ಹಾಕುವವರು.

ಕ್ಯಾಸೆಟ್ಟನ್ನು ತೆಗೆದು ಹಿಂದೆ ತಿರುಗಿಸಿದೆ. ಮೂಲೆಯಲ್ಲಿ ಮಾಸಿದ ಬೆಲೆಚೀಟಿ, ಫಿನ್ಲೆಂಡಿನ ಔಲು ಪಟ್ಟಣದ ಯಾವುದೋ ಅಂಗಡಿಯದು. ಆಗ ಎಲ್ಲ ನೆನಪಾಯಿತು. ಭಾವನ ಸೋದರಮಾವನ ಮಗ ತೌನೊ ಫಿನ್ಲೆಂಡಿನಿಂದ ಇಲ್ಲಿಗೆ ನೆಲೆಸಲು ಬಂದಾಗ ಕ್ಯಾಸೆಟ್ಟು, ಯಂತ್ರ, ಟಿವಿ ಮೂರನ್ನೂ ಹಡಗಿನ ಪೆಟ್ಟಿಗೆಯಲ್ಲಿ ತಂದಿದ್ದ. ಇಟ್ಟಿಗೆಯಷ್ಟು ಭಾರದ ಟ್ರಾನ್ಸ್‌ಫಾರ್ಮರ್ ಇಲ್ಲದೆ ಅವು ನಮ್ಮ ಕರೆಂಟಿಗೆ ಓಡುತ್ತಿರಲಿಲ್ಲ. ಅಲ್ಲಿನ ಟಿವಿ ಸೆಕೆಂಡಿಗೆ ಐವತ್ತು ಸಲ ಚಿತ್ರ ಬರೆಯುತ್ತದೆ, ಇಲ್ಲಿನದು ಅರವತ್ತು ಸಲ. ಆ ಆಟ ಅಲ್ಲಿನ ಐವತ್ತಕ್ಕೆ ಹೆಜ್ಜೆ ಹಾಕುವಂಥದ್ದು. ನಾನು ಅದನ್ನು ಅರವತ್ತಕ್ಕೆ ಕಟ್ಟಿ ಓಡಿಸಿದ್ದೆ. ನಾವು ಉತ್ತರ ಅಮೆರಿಕದಲ್ಲಿದ್ದೇವೆ ನಿಜ. ಆ ಗುಡ್ಡ ಇರಲಿಲ್ಲ.

ಅಕ್ಕ ಯಾವಾಗ ಬಂದು ಹಿಂದೆ ನಿಂತಳೋ. ನಾನು ವಿಷಯ ಹೇಳಿದೆ. ಅವಳು ಮೊದಲು ಹಿತ್ತಿಲ ಕಡೆ ನೋಡಿದಳು. ಭಾವ ಸೌದೆ ಸೀಳುತ್ತಿದ್ದರು, ಎಡಗೈಯಲ್ಲಿ.

“ಹಾಗೇ ಬಿಡು,” ಎಂದಳು.

“ಅಕ್ಕ—”

“ನಿನ್ನ ದಮ್ಮಯ್ಯ ಐಲಾ, ಹಾಗೇ ಬಿಡು. ನಾನು ಬೇಡ ಅಂದ್ರೆ ಕೇಳಲ್ಲ, ಮಕ್ಕಳು ಅಂದ್ರೆ ರೇಗ್ತಾರೆ. ಆ ಗೊಂಬೆ ಹೇಳಿದ್ರೆ ಕೇಳ್ತೀನಿ ಅಂತ ಅವರೇ ಬಾಯ್ಬಿಟ್ಟು ಅಂದಿದಾರೆ. ಮೊನ್ನೆ ಟ್ರಕ್ಕನ್ನ ಗ್ಯಾರೇಜಿನ ಬಾಗಿಲಿಗೇ ಗುದ್ದಿದ್ರು, ಗೊತ್ತಾ? ‘ಬೆಕ್ಕು ಅಡ್ಡ ಬಂತು’ ಅಂದ್ರು. ನಮ್ಮನೇಲಿ ಬೆಕ್ಕೆಲ್ಲಿದೆ?”

ಅವಳು ಹೇಳಿದ್ದರಲ್ಲಿ ತಪ್ಪೇನಿತ್ತು? ಹೆದ್ದಾರಿ ಯಾರಿಗಾಗಿಯೂ ನಿಧಾನವಾಗುವುದಿಲ್ಲ. ದಿಮ್ಮಿ ಲಾರಿಗೆ ಹೊಂದಾಣಿಕೆಯ ಪುಟವಿಲ್ಲ. ನಾನು ವೇಗ ಸರಿಪಡಿಸಿ, ಭಾವ ಗೆರೆ ದಾಟಿ, ಮರುದಿನ ಟ್ರಕ್ ಹತ್ತಿ ಹೊರಟರೆ? ಸಂಜೆ ಕಾಲೇಜಿನಲ್ಲಿ ಇದಕ್ಕೆ ಪಾಠವಿರಲಿಲ್ಲ. ಆದರೆ ಹಾಗೇ ಬಿಟ್ಟರೆ, ಅವರ ಕೈಯಿಂದ ಕೀ ಕಿತ್ತುಕೊಂಡದ್ದು ನನ್ನ ತಪ್ಪಾಗುತ್ತಿತ್ತೇ ಹೊರತು ಅವರ ಬೆರಳಲ್ಲ. ಅವರು ಆ ಬೆರಳನ್ನು ನೋಡಿಕೊಳ್ಳುತ್ತಾ ಇಡೀ ಚಳಿಗಾಲ ಕೂರುತ್ತಿದ್ದರು.

“ಅವರಿಗೆ ಆಗ್ಲೇ ಅನುಮಾನ ಬಂದಿದೆ ಅಕ್ಕ. ‘ನನ್ನ ಗುಡ್ಡ ಅಲ್ಲ’ ಅಂದ್ರಲ್ಲ. ಇವತ್ತು ಕೀ ಕೊಡ್ತಾರೆ ಅಂತಿಟ್ಕೋ. ಯಾವತ್ತೋ ಒಂದಿನ ತೌನೊ ಬಂದು ನೋಡಿ ನಿಜ ಹೇಳ್ತಾನೆ. ಆಮೇಲೆ ನಿನ್ನ ಮಾತೂ ನಂಬಲ್ಲ, ನನ್ನ ಮಾತೂ ನಂಬಲ್ಲ. ಟ್ರಕ್ ಹತ್ತಿ ಹೋಗೇಬಿಡ್ತಾರೆ.”

“ಸರಿ ಮಾಡಿದ್ಮೇಲೆ ಗೆದ್ಬಿಟ್ರೆ?”

“ಗೊತ್ತಿಲ್ಲ ಅಕ್ಕ,” ಎಂದೆ. ಅಕ್ಕ ಬಹಳ ಹೊತ್ತು ಒರೆಸಿದ ತಟ್ಟೆಯನ್ನೇ ಒರೆಸಿದಳು.

“ಮಾಡು,” ಎಂದಳು ಕೊನೆಗೆ. “ನೀನು ಚಿಕ್ಕೋಳಿದ್ದಾಗ್ಲೂ ಹೀಗೇ. ನೀನೇ ಒಡೆದ ಬಸಿಯನ್ನ ನೀನೇ ಹೋಗಿ ಅಮ್ಮಂಗೆ ತೋರಿಸಿ ಇಬ್ಬರಿಗೂ ಬೈಸ್ತಿದ್ದೆ.”

‘ಉತ್ತರ ಅಮೆರಿಕ’ ತೆಗೆದು ‘ಯುರೋಪ್’ ಎಂದು ಆರಿಸಿದೆ. ಅರವತ್ತನ್ನು ಐವತ್ತು ಮಾಡಿದೆ.

ಭಾವ ಸೌನಾದಿಂದ ಕೆಂಪಗಾಗಿ ಬಂದರು, ತಲೆಯಿಂದ ಆವಿ ಏಳುತ್ತಿತ್ತು. ಗುಲಾಬಿ ಸಕ್ಕರೆ ಬಳಿದ ಬನ್ನು ಅರ್ಧ ತಿಂದು ಕೂತರು. ರಾಗ ಶುರುವಾದದ್ದೇ ಅವರ ಅಗಿಯುವ ಬಾಯಿ ನಿಂತಿತು. ನನ್ನ ಕಡೆ ತಿರುಗಿದರು.

“ಏನು ಮಾಡ್ದೆ?”

“ನನ್ನ ತಪ್ಪು ಭಾವ. ಇದು ಫಿನ್ಲೆಂಡಿನ ಕ್ಯಾಸೆಟ್. ನಾನು ಇಲ್ಲಿನ ವೇಗಕ್ಕೆ ಇಟ್ಟಿದ್ದೆ. ಈಗ ಅಲ್ಲಿನದಕ್ಕೆ ಇಟ್ಟಿದೀನಿ.”

“ನನಗೋಸ್ಕರ ಇನ್ನೂ ನಿಧಾನ ಏನೂ ಮಾಡಿಲ್ಲ ತಾನೇ?”

“ಇಲ್ಲ. ತೌನೊ ತಂದಾಗ ಹೇಗಿತ್ತೋ ಹಾಗೆ.”

ಅವರು ರಾಗದ ಜೊತೆ ಎರಡು ಸಾಲು ಗುನುಗಿ ನೋಡಿದರು. ಜೊತೆಗೂಡಿತು. “ಹೂಂ. ಇವನೇ,” ಎಂದರು, ಊರಿಂದ ಬಂದ ನೆಂಟನನ್ನು ಗುರುತಿಸಿದವರಂತೆ.

ಮೊದಲ ಸಲ ಬಿದ್ದ. ಎರಡನೆಯ ಸಲ ನೆಟ್ಟಗೆ ಹಾರಿದ. ಅಕ್ಕ ಬಾಗಿಲ ಚೌಕಟ್ಟು ಹಿಡಿದುಕೊಂಡಳು. ಮನುಷ್ಯ ಚಂದವಾಗಿ ಇಳಿದ, ಆದರೆ ಗೆರೆಯ ಈಚೆ. ಮತ್ತೊಮ್ಮೆ, ಅಷ್ಟೇ ದೂರ. ಭಾವ ಹಾರಿಸುತ್ತಲೇ ಹೋದರು. ಕಿಟಕಿಯಾಚೆ ಬೆಳಕು ನೀಲಿಗಟ್ಟಿತು. ಈಗ ಅವನು ಬೀಳುತ್ತಿರಲಿಲ್ಲ. ಗೆರೆಯನ್ನು ಮಾತ್ರ ಮುಟ್ಟುತ್ತಿರಲಿಲ್ಲ. ಬೆರಳು ಪ್ರತಿ ಸಲವೂ ಒಂದು ಚೂರು ಹಿಂದೆ ಉಳಿಯುತ್ತಿತ್ತು. ಅದು ನನಗೇ ಕಾಣುತ್ತಿತ್ತು. ಅವರಿಗೆ ಕಾಣದೇ ಇರುತ್ತದೆಯೇ?

ಕೊನೆಗೆ ಅವರು ಆಟದ ರಿಮೋಟನ್ನು ಮೇಜಿನ ಮೇಲಿಟ್ಟು ಉಳಿದರ್ಧ ಬನ್ನನ್ನು ತಿಂದು ಮುಗಿಸಿದರು.

“ಮಧ್ಯಾಹ್ನ ಸೋತಿದ್ದು ಯಂತ್ರ,” ಎಂದರು. “ಇದು ನಾನು.”

ಎದ್ದು ಹೋಗಿ ಬಾಗಿಲ ಬಳಿಯ ಮೊಳೆಯಿಂದ ಕೀ ತೆಗೆದು ಅಕ್ಕನ ಏಪ್ರನ್ ಜೇಬಿಗೆ ಹಾಕಿದರು. ಅಕ್ಕ ಅಳಲು ಶುರುಮಾಡಿದಳು.

“ಏ, ಅಳ್ಬೇಡ ಮಾರಾಯ್ತಿ. ಅಳ್ಬೇಕಾದೋನು ನಾನು. ನಾಳೆಯಿಂದ ನೀನು ಗೇರ್ ಹಾಕೋ ಸದ್ದು ಪಕ್ಕದಲ್ಲೇ ಕೂತು ಕೇಳ್ಬೇಕಲ್ಲ.”

“ಬೆಕ್ಕು ಬಂದ್ರೆ ಹೇಳಿ, ಬ್ರೇಕ್ ಹಾಕ್ತೀನಿ,” ಎಂದಳು ಅಕ್ಕ, ಮೂಗೊರೆಸಿಕೊಳ್ಳುತ್ತಾ.

ಮನೆಗೆ ಬಂದ ಮೇಲೂ ನನಗೆ ಸಮಾಧಾನವಾಗಲಿಲ್ಲ. ಆ ರಿಮೋಟಿಗೆ ತಂತಿಯಿರಲಿಲ್ಲ. ಗುಂಡಿ ಒತ್ತಿದ್ದು ಗಾಳಿಯಲ್ಲಿ ದಾಟಿ ಯಂತ್ರ ಸೇರುವಾಗ ಕೂದಲೆಳೆಯಷ್ಟು ತಡವಾಗಿದ್ದಿರಬಹುದೇ? ಹಳೆಯದಕ್ಕೆ ತಂತಿಯಿತ್ತು. ಭಾನುವಾರವೆಲ್ಲ ಅದೇ ಕೊರೆಯಿತು. ಸೋಮವಾರ ಕೆಲಸಕ್ಕೆ ಹೊರಡುವ ಮುಂಚೆ ಫೋನ್ ಮಾಡಿ ಹೇಳಿಬಿಟ್ಟೆ.

“ತಂತಿ ಇರೋದು ಸಿಕ್ರೆ ತಗೊಂಡು ಬಾ, ಆಡೋಣ,” ಎಂದರು ಭಾವ. “ಆದ್ರೆ ಕೀ ವಾಪಸ್ ಕೇಳಲ್ಲ ಕಣೇ. ಅದರಿಂದ ಸಿಗೋದು ಕೂದಲೆಳೆಯಷ್ಟು. ನಾನು ಹಿಂದೆ ಬಿದ್ದಿರೋದು ಅಷ್ಟೇ ಅಲ್ಲ.” ಆಮೇಲೆ, ಬೇರೆ ದನಿಯಲ್ಲಿ: “ಮಂಜು ಕರಗ್ಲಿ, ಆಗ ಇನ್ನೊಂದು ಸಲ ಗೆರೆ ನೋಡೋಣ. ಅಲ್ಲಿವರೆಗೆ ಆ ಐವತ್ತನ್ನ ಯಾರೂ ಮುಟ್ಬೇಡಿ.”

ಹಿಂದಿನಿಂದ ಟ್ರಕ್ಕಿನ ಗೇರು ಕರಕರನೆ ಅರೆದ ಸದ್ದು ಫೋನಿನಲ್ಲಿ ನನಗೂ ಕೇಳಿತು. “ಅಯ್ಯೋ ದೇವರೇ,” ಎಂದರು ಭಾವ, ಫೋನ್ ಇಟ್ಟುಬಿಟ್ಟರು.