ಸುಣ್ಣ ಬಳಿದ ಕಲ್ಲುಗಳ ನಡುವೆ

ಪುಣೆಯಿಂದ ಬಂದ ಪತ್ರವನ್ನು ಶಂಭುಲಿಂಗಪ್ಪ ಮಾಸ್ತರರು ಆ ಮಳೆಗಾಲದಲ್ಲಿ ಎಷ್ಟು ಸಲ ಓದಿದರೆಂದರೆ, ಮಡಿಕೆ ಹರಿದು ಎರಡು ತುಂಡಾಗಿ, ಹಿಂದಿನಿಂದ ಬಿಳಿ ಕಾಗದ ಅಂಟಿಸಬೇಕಾಯಿತು. ಬರೆದವರು ಅಲ್ಲಿಯ ಒಬ್ಬ ಸಸ್ಯಶಾಸ್ತ್ರಜ್ಞರು, ಮೂವತ್ತು ವರ್ಷದಿಂದ ಸೆಣಬಿನ ಕುಲದ ಗಿಡಗಳನ್ನೇ ಅಭ್ಯಾಸ ಮಾಡಿದವರು. ಮಾಸ್ತರರು ಹಿಂದಿನ ವರ್ಷ ದೇವಿಕೊಪ್ಪದ ಗುಡ್ಡದಿಂದ ತಂದು ಒಣಗಿಸಿ ಕಳಿಸಿದ್ದ ಗೇಣುದ್ದದ ಗಿಡದ ಎಲೆ ಮತ್ತು ಕಾಯಿ ತಾವು ಈವರೆಗೆ ಕಂಡ ಯಾವುದಕ್ಕೂ ಹೊಂದುವುದಿಲ್ಲ ಎಂದು ಬರೆದಿದ್ದರು. ಆದರೆ ಕಾಯಿಯನ್ನಷ್ಟೇ ನೋಡಿ ಹೊಸ ಜಾತಿ ಎನ್ನಲು ಬರುವುದಿಲ್ಲ, ಹೂ ಬೇಕು. ಹೂವಿನೊಳಗೆ ದೋಣಿಯ ಹಾಗೆ ಕೂಡಿಕೊಂಡಿರುವ ಎರಡು ಎಸಳುಗಳ ಮೂತಿ ಹೇಗಿದೆ ಎಂಬುದರ ಮೇಲೆ ಎಲ್ಲ ನಿಂತಿದೆ. ಡಿಸೆಂಬರಿಗೆ ನನ್ನ ನಿವೃತ್ತಿ, ಈ ಕುಲದ ಬಗ್ಗೆ ಬರೆದ ಗ್ರಂಥ ಅದಕ್ಕೂ ಮೊದಲೇ ಅಚ್ಚಿಗೆ ಹೋಗುತ್ತದೆ. ನವೆಂಬರ್ ಮುಗಿಯುವುದರೊಳಗೆ ಅರಳಿದ ಹೂ ನಾಲ್ಕಾದರೂ ಕೈಸೇರಿದರೆ ಸೇರಿಸುತ್ತೇನೆ. ಕೊನೆಗೆ ಒಂದು ಸಾಲು: ಹೂವೂ ಬೇರೆಯೇ ಎಂದು ಕಂಡರೆ ಗಿಡಕ್ಕೆ ತಮ್ಮ ಹೆಸರನ್ನೇ ಇಡಬೇಕೆಂದು ನನ್ನ ಮನಸ್ಸಿನಲ್ಲಿದೆ.

ಆ ಕೊನೆಯ ಸಾಲೇ ಅವರನ್ನು ಕೆಡಿಸಿದ್ದು. ಊರ ಶಾಲೆಯಲ್ಲಿ ಇಪ್ಪತ್ತೆರಡು ವರ್ಷ ಕಲಿಸಿದ್ದರು. ಅಷ್ಟೂ ವರ್ಷ ಭಾನುವಾರಗಳನ್ನು ಗುಡ್ಡದಲ್ಲಿ ಕಳೆದಿದ್ದರು. ಹಳೆಯ ಪತ್ರಿಕೆಗಳ ನಡುವೆ ಗಿಡ ಹಾಸಿ, ಮೇಲೊಂದು ಹಲಗೆ, ಅದರ ಮೇಲೆ ಒಡೆದ ಬೀಸುವ ಕಲ್ಲು ಹೇರಿ ಒಣಗಿಸುವುದನ್ನು ತಾವೇ ಪುಸ್ತಕ ನೋಡಿ ಕಲಿತಿದ್ದರು. ಆ ಪುಸ್ತಕದ ತುಂಬ ಹೂಕರ್, ವೈಟ್, ಡಾಲ್ಜೆಲ್, ಟಾಲ್ಬಟ್ ಎನ್ನುವವರ ಹೆಸರು ಹೊತ್ತ ಗಿಡಗಳು. ತಮ್ಮ ಹಿತ್ತಲ ಬೇಲಿಯಲ್ಲಿ ಬೆಳೆದದ್ದನ್ನು ಗುರುತಿಸಬೇಕಾದರೂ ಮಾಸ್ತರರು ಯಾರೋ ಸಾಹೇಬನ ಹೆಸರನ್ನು ಬಾಯಿತುಂಬ ಹೇಳಬೇಕು. ಅವರಿಗೆ ಅದರ ಬಗ್ಗೆ ಸಿಟ್ಟೇನಿರಲಿಲ್ಲ. ಆ ಸಾಹೇಬರೂ ಬಿಸಿಲಲ್ಲಿ ತಿರುಗಿದವರೇ. ತಿರುಗಿದವರ ಹೆಸರು ಉಳಿಯುತ್ತದೆ ಎನ್ನುವ ಈ ಪದ್ಧತಿ ಅವರಿಗೆ ಬಹಳ ನ್ಯಾಯದ್ದಾಗಿ ಕಾಣುತ್ತಿತ್ತು. ಗಿಡ ಹುಡುಕಿದವನು ತನ್ನ ಹೆಸರನ್ನು ತಾನೇ ಇಟ್ಟುಕೊಳ್ಳುವಂತಿಲ್ಲ, ಇನ್ನೊಬ್ಬರು ಇಡಬೇಕು ಎಂಬುದಂತೂ ಇನ್ನೂ ಸರಿ ಎನಿಸುತ್ತಿತ್ತು.

"ಕ್ರೊಟಲೇರಿಯಾ ಶಂಭುಲಿಂಗಿ," ಎಂದು ಒಮ್ಮೆ, ಆ ಕುಲದ ಹೆಸರಿಗೆ ತಮ್ಮದನ್ನು ಸೇರಿಸಿ, ಹೆಂಡತಿ ನೀಲಕ್ಕನಿಗೆ ಹೇಳಿ ತೋರಿಸಿದ್ದರು.

ನೀಲಕ್ಕ ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ. "ಮಕ್ಕಳಿಗೆ ಹೆಸರಿಡೂ ಮುಂದ ನಿಮ್ಮವ್ವನ್ನ ಕೇಳ್ರಿ ಅಂದು ಸುಮ್ಮನ ಕುಂತಿದ್ರಿ. ಹುಲ್ಲಿಗೆ ಹೆಸರಿಡಾಕ ಎಷ್ಟ ಹುರುಪು ನೋಡು."

"ಹುಲ್ಲಲ್ಲೇ ಅದು."

"ಮತ್ತೇನು, ದನ ತಿಂತಾವೇನು?"

ದನ ತಿನ್ನುತ್ತವೆಯೋ ಇಲ್ಲವೋ ಅವರಿಗೆ ಗೊತ್ತಿರಲಿಲ್ಲ. ಆದರೆ ಕುರಿಗಳ ಭಯ ಹತ್ತಿದ್ದು ಅವತ್ತಿನಿಂದಲೇ.

ಗಿಡ ಇದ್ದದ್ದು ಗುಡ್ಡದ ಪಡುವಣ ಇಳುಕಲಿನಲ್ಲಿ, ಹಾಸುಬಂಡೆಯ ಬಾಜೂ ಒಂದು ಮಂಚದಷ್ಟು ಜಾಗದಲ್ಲಿ ಮಾತ್ರ. ಎಣಿಸಿದರೆ ಮೂವತ್ತೇಳು. ಸುತ್ತ ಎಲ್ಲಿ ಹುಡುಕಿದರೂ ಮೂವತ್ತೆಂಟನೆಯದು ಸಿಕ್ಕಿರಲಿಲ್ಲ. ಒಂದೇ ವರ್ಷ ಬಾಳುವ ಗಿಡ. ಮಳೆಗೆ ಹುಟ್ಟಿ, ದೀಪಾವಳಿಯ ಹೊತ್ತಿಗೆ ಹೂ ಬಿಟ್ಟು, ಬೀಜ ಚೆಲ್ಲಿ ಸಾಯುವಂಥದು. ಕರಿಸಿದ್ದಪ್ಪನ ಕುರಿಗಳು ದಿನಾ ಅದೇ ಇಳುಕಲಿನಲ್ಲಿ ಇಳಿಯುತ್ತಿದ್ದವು. ಅವನಿಗೆ ಹೇಳಬಹುದಿತ್ತು. ಹೇಳಿದರೆ ಯಾಕೆ, ಏನು, ಔಷಧವೇ, ಎಷ್ಟಕ್ಕೆ ಹೋಗುತ್ತದೆ ಎಂದು ಹತ್ತು ಮಾತು. ಸಂಜೆಯೊಳಗೆ ಊರೆಲ್ಲ ಬುಡಸಮೇತ ಕಿತ್ತುಕೊಂಡು ಹೋದರೆ? ಹಾಗೆಂದು ಯೋಚಿಸಿ, ಅಕ್ಟೋಬರಿನ ಒಂದು ಭಾನುವಾರ ಮಧ್ಯಾಹ್ನ ಯಾರೂ ಇಲ್ಲದ್ದನ್ನು ನೋಡಿ, ಬುಟ್ಟಿಗಾತ್ರದ ಕಲ್ಲುಗಳನ್ನು ಉರುಳಿಸಿ ಸುತ್ತಲೂ ಇಟ್ಟರು. ಹಬ್ಬಕ್ಕೆ ಗೋಡೆಗೆ ಬಳಿಯಲು ಕಲಸಿದ್ದ ಸುಣ್ಣದಲ್ಲಿ ಒಂದು ತಂಬಿಗೆ ಒಯ್ದು ಕಲ್ಲುಗಳಿಗೆ ಬಳಿದರು. ಬೆಳ್ಳಗೆ ಕಂಡರೆ ಕುರಿ ಬೆದರುತ್ತವೆ, ಕಾಯುವವನೂ ಯಾರೋ ಗಡಿ ಗುರುತು ಹಾಕಿದ್ದಾರೆಂದು ದೂರ ಹೊಡೆಯುತ್ತಾನೆ ಎಂಬುದು ಅವರ ಲೆಕ್ಕ.

ಮೊಗ್ಗು ಬಂದವು. ತುದಿಯಲ್ಲಿ ಹಳದಿ ಗೆರೆಯೂ ಕಂಡಿತು. ಅಷ್ಟರಲ್ಲಿ ಧಾರವಾಡದಲ್ಲಿ ಒಂದು ವಾರದ ಶಿಕ್ಷಕರ ತರಬೇತಿಗೆ ಆದೇಶ ಬಂತು. ಬೇರೆಯವರನ್ನು ಕಳಿಸಿರೆಂದು ಕೇಳಿಕೊಂಡರು, ನಡೆಯಲಿಲ್ಲ. ಹಬ್ಬದ ಹೊತ್ತಿಗೆ ಅರಳುತ್ತವೆ, ಹಬ್ಬದ ದಿನ ಬಂದೇಬಿಡುತ್ತೇನಲ್ಲ ಎಂದು ಹೋದರು. ಆ ವಾರ ಅಲ್ಲಿ ಏನು ಹೇಳಿಕೊಟ್ಟರೋ, ಅವರ ನೋಟುಬುಕ್ಕಿನಲ್ಲಿ ಒಂದು ಪುಟವೂ ತುಂಬಿರಲಿಲ್ಲ. ಅಮಾವಾಸ್ಯೆಯ ದಿನ ಬಸ್ಸು ತಪ್ಪಿತು. ಪಾಡ್ಯದ ಬೆಳಿಗ್ಗೆ ಮೊದಲ ಗಾಡಿ ಹಿಡಿದು ಕಲಘಟಗಿಯಲ್ಲಿ ಬದಲಿಸಿ ಊರಿಗೆ ಬಂದಾಗ ಬಿಸಿಲು ಏರಿತ್ತು.

ಚೀಲ ಇಟ್ಟು ಗುಡ್ಡಕ್ಕೆ ಹೋಗಬೇಕೆಂದು ಮನೆಯ ಮುಂದೆ ಬಂದವರು ಹೊಸ್ತಿಲ ಹೊರಗೇ ನಿಂತರು.

ಪಾಡ್ಯಕ್ಕೆ ಎಲ್ಲ ಮನೆಗಳಲ್ಲಿ ಮಾಡುವ ಹಾಗೆ ನೀಲಕ್ಕ ಹಸಿ ಸೆಗಣಿಯಲ್ಲಿ ಐವರು ಪಾಂಡವರನ್ನು ಮಾಡಿ ಬಾಗಿಲ ಎರಡೂ ಬದಿ ಕೂರಿಸಿದ್ದಳು. ಉತ್ತರಾಣಿ ಕಡ್ಡಿ ಚುಚ್ಚಿ, ಚೆಂಡುಹೂವಿನ ಎಸಳು ಉದುರಿಸಿ, ಮೊಸರು ಹಚ್ಚಿದ್ದಳು. ಒಂದೊಂದು ಕಡ್ಡಿಯ ತುದಿಗೂ ಸಣ್ಣ ಹಳದಿ ಹೂ ಸಿಕ್ಕಿಸಿತ್ತು. ಮಾಸ್ತರರು ಕುಕ್ಕರಗಾಲಲ್ಲಿ ಕೂತು ಕನ್ನಡಕ ಏರಿಸಿದರು. ಹೂವಿನ ಬುಡದಲ್ಲಿ ಕಂದು ಬಣ್ಣದ ಒತ್ತಾದ ತುಪ್ಪಳ. ಆ ತುಪ್ಪಳವನ್ನು ಅವರು ಭೂತಗನ್ನಡಿಯಲ್ಲಿ ಎರಡು ವಾರ ಮೊಗ್ಗಿನ ಮೇಲೆ ನೋಡಿದ್ದರು.

"ಇವು ಎಲ್ಲಿಂದ ಬಂದ್ವು?"

"ಬಂದ್ರೇನು? ಕೈಕಾಲ ತೊಳಕೊಳ್ರಿ, ನೀರ ಕಾದಾವು," ಎಂದು ನೀಲಕ್ಕ ಒಳಗಿನಿಂದಲೇ ಅಂದಳು.

"ಈ ಹೂವು ಎಲ್ಲಿಂದ ಬಂದ್ವು ಅಂತ ಕೇಳಾಕತ್ತೇನಿ."

ಅವಳು ಹೊರಗೆ ಬಂದಳು. "ಫಕೀರವ್ವ ತಂದು ಕೊಟ್ಲು. ಗುಡ್ಡದಾಗ ಹೊಸಾ ದೇವ್ರು ಎದ್ದೈತಂತ. ಬೆಳ್ಳಗ ಕಲ್ಲು ತಾವ ಎದ್ದು ಸುತ್ತುಗಟ್ಟಿ ಕುಂತಾವಂತ, ನಟ್ಟನಡುವ ಈ ಹೂವು. ಊರ ಹೆಂಗಸ್ರೆಲ್ಲಾ ನಿನ್ನೆ ಹೋಗಿ ಕಾಯಿ ಒಡಸ್ಕೊಂಡು ಬಂದ್ರು. ಪಾಂಡವರಿಗೆ ಆ ಹೂವನ ಶ್ರೇಷ್ಠ ಅಂತ ಮನಿಗೆ ಐದೈದು ಹಂಚಿದ್ಲು, ಪಾಪ."

ಮಾಸ್ತರರ ಕೈ ಒಂದು ಕಡ್ಡಿಯ ಕಡೆ ಹೋಯಿತು.

"ಏ, ಮುಟ್ಟಬ್ಯಾಡ್ರಿ. ಇನ್ನ ಆರತಿ ಆಗಿಲ್ಲ. ಸಂಜಿಗೆ ಎತ್ತಿ ಮನೀ ಹಂಚಿನ ಮ್ಯಾಲ ಇಡೂತನಕ ಅವು ದೇವ್ರು."

"ಇದು ಆ ಗಿಡದ ಹೂವು, ನೀಲಾ."

"ಯಾವ ಗಿಡ?"

ಹೇಳುವುದು ಬೇಕಾಗಲಿಲ್ಲ. ನೀಲಕ್ಕನ ಮುಖ ಮೆಲ್ಲಗೆ ಇಳಿಯಿತು. ಅವಳು ಆ ಗಿಡವನ್ನು ಕಂಡದ್ದು ಪತ್ರಿಕೆಯ ಹಾಳೆಯ ನಡುವೆ, ಒಣಗಿದ ಕಡ್ಡಿಯಾಗಿ. ಎಲ್ಲಿ ಬೆಳೆಯುತ್ತದೆ, ಯಾವ ಬಣ್ಣದ ಹೂ ಬಿಡುತ್ತದೆ ಎಂದು ಗಂಡ ಒಂದು ದಿನವೂ ಬಾಯಿ ಬಿಟ್ಟಿರಲಿಲ್ಲ. "ನನಗ ಹೆಂಗ ಗೊತ್ತಾಗಬೇಕ್ರಿ," ಎಂದಳು. "ಗೊತ್ತಿದ್ರ ಊರ ಹೆಂಗಸ್ರ ಕೈ ಹಿಡೀತಿದ್ನಿ," ಎಂದಳು. ಆದರೂ ಹೂ ಕೀಳಲು ಬಿಡಲಿಲ್ಲ.

ಅವರು ಗುಡ್ಡಕ್ಕೆ ಓಡಿದರು ಎನ್ನುವಂತೆ ಹೋದರು. ಕಲ್ಲುಗಳಿಗೆಲ್ಲ ಅರಿಸಿನ, ಕುಂಕುಮ. ಕಾಯಿ ಒಡೆದ ನೀರಿಗೆ ಇರುವೆ ಮುತ್ತಿದ್ದವು. ನಡುವೆ ಮೂವತ್ತೇಳು ಗಿಡವೂ ಇದ್ದವು, ಒಂದನ್ನೂ ಯಾರೂ ತುಳಿದಿರಲಿಲ್ಲ. ಕುಡಿಗಳನ್ನು ಮಾತ್ರ ಉಗುರಿನಿಂದ ಅಗದಿ ಅಚ್ಚುಕಟ್ಟಾಗಿ ಚಿವುಟಿ ಒಯ್ದಿದ್ದರು. ಅರಳಿದ್ದೂ ಇಲ್ಲ, ಮೊಗ್ಗೂ ಇಲ್ಲ.

ಕರಿಸಿದ್ದಪ್ಪ ಹಾಸುಬಂಡೆಯ ಮೇಲೆ ಕೋಲೂರಿ ನಿಂತಿದ್ದ. ಕುರಿಗಳು ಕಲ್ಲುಗಳ ಸಂದಿಯಿಂದ ಒಳಗೆ ನುಗ್ಗಿ, ಗಿಡಗಳ ನಡುವಿನ ಹುಲ್ಲನ್ನು ಮಾತ್ರ ಆರಿಸಿ ಕಚ್ಚುತ್ತಿದ್ದವು.

"ನಮಸ್ಕಾರ್ರಿ ಸರ. ನೀವೂ ದೇವ್ರಿಗೆ ಬಂದ್ರೇನ್ರಿ?"

"ದೇವ್ರಲ್ಲೋ ಮಾರಾಯಾ. ಕಲ್ಲು ನಾನ ಇಟ್ಟಿದ್ದು, ಸುಣ್ಣಾ ನಾನ ಬಳದಿದ್ದು. ನಿನ್ನ ಕುರಿ ಈ ಗಿಡ ತಿನ್ನಬಾರ್ದಂತ."

ಕರಿಸಿದ್ದಪ್ಪ ಗಿಡಗಳನ್ನೂ ಮಾಸ್ತರರನ್ನೂ ನೋಡಿದ. "ಇದನ್ನ ಕುರಿ ತಿನ್ನೂದಿಲ್ಲಲ್ರಿ ಸರ. ನಮ್ಮಪ್ಪನ ಕಾಲದಿಂದ ನೋಡಾಕತ್ತೇನಿ, ಮೂಸಿ ಬಿಟ್ಟು ಹೋಗ್ತಾವು. ನೋಡ್ರಿ ಬೇಕಾದ್ರ, ಈಗೂ ಮುಟ್ಟವಲ್ವು."

ಮಾಸ್ತರರು ನೋಡಿದರು. ಒಂದು ಕುರಿ ಗಿಡದ ಹತ್ತಿರ ಮೂತಿ ತಂದು, ಸೀನಿ, ಆಚೆ ಸರಿಯಿತು.

"ಒಂದು ಮಾತು ಕೇಳಿದ್ರ ಹೇಳ್ತಿದ್ನಲ್ರಿ," ಎಂದ ಕರಿಸಿದ್ದಪ್ಪ.

"ಹೆಂಗಸ್ರು ಹರಿಯೂ ಮುಂದ ನೀ ಇಲ್ಲೇ ಇದ್ದೀ?"

"ಇದ್ನಿ."

"ಬ್ಯಾಡ್ರಿ ಅನ್ನಬಾರದಿತ್ತೇನು?"

"ದೇವ್ರಿಗೆ ಬಂದವ್ರಿಗೆ ನಾ ಏನಂತ ಬ್ಯಾಡ ಅನ್ಲಿರಿ? ಈ ಕಲ್ಲು ಇಲ್ಲದಾಗ ಇತ್ತ ಯಾರೂ ಹೊಳ್ಳಿ ಸುದ್ದಾ ನೋಡ್ತಿದ್ದಿಲ್ಲ. ಈ ಹೂವು ಹಿಂಗಿರತೈತಂತ ನಮ್ಮೂರವ್ರಿಗೆ ಗೊತ್ತ ಇದ್ದಿಲ್ಲ ಬಿಡ್ರಿ." ಅವನು ವ್ಯಂಗ್ಯ ಮಾಡುತ್ತಿರಲಿಲ್ಲ. ಇದ್ದದ್ದನ್ನು ಹೇಳಿದ್ದ.

ಸಂಜೆಯವರೆಗೆ ಮಾಸ್ತರರು ಮನೆಯ ಕಟ್ಟೆಯ ಮೇಲೆ ಕೂತಿದ್ದರು. ನೀಲಕ್ಕ ಹೋಳಿಗೆ ತಂದಿಟ್ಟಳು, ಅವರು ಅದನ್ನು ಮುರಿದು ಕೈಯಲ್ಲೇ ಹಿಡಿದಿದ್ದರು. ಕಣ್ಣು ಬಾಗಿಲ ಬದಿಯ ಹೂಗಳ ಮೇಲೆ. ಬಿಸಿಲಿಗೆ ಎಸಳು ಮುದುಡುತ್ತಿದ್ದವು. ಅತ್ತಿತ್ತ ಹೋಗುವವರು "ಯಾವಾಗ ಬಂದ್ರಿ ಸರ, ತರಬೇತಿ ಚೊಲೋ ಆತೇನ್ರಿ?" ಎಂದು ಕೇಳಿದರೆ ತಲೆಯಾಡಿಸುತ್ತಿದ್ದರು. ದೀಪ ಹಚ್ಚುವ ಹೊತ್ತಿಗೆ ನೀಲಕ್ಕ ಆರತಿ ಬೆಳಗಿ, ಎಂದಿಗಿಂತ ಬೇಗನೆ, ಪಾಂಡವರನ್ನು ಮೊರದಲ್ಲಿ ಎತ್ತಿ ಅವರ ಮುಂದೆ ತಂದಿಟ್ಟಳು. ತಾನೇ ಓಣಿಯ ಮನೆಮನೆಗೆ ಹೋಗಿ ಬೇರೆಯವರ ಪಾಂಡವರ ಮೇಲಿನವನ್ನೂ ಬೇಡಿ ತಂದಳು. ಎಲ್ಲ ಸೇರಿ ಇಪ್ಪತ್ತಾರು ಹೂ.

ಮಾಸ್ತರರು ಒಂದೊಂದನ್ನೇ ಬಿಳಿ ಕಾಗದದ ಮೇಲೆ ಬಿಡಿಸಿದರು. ಕಡ್ಡಿಗೆ ಸಿಕ್ಕಿಸುವಾಗ ಎಲ್ಲರೂ ಒಂದೇ ರೀತಿ ಸಿಕ್ಕಿಸಿದ್ದರು: ಹೂವಿನ ಎದೆಗೆ ನೇರವಾಗಿ ಚುಚ್ಚಿ. ದೋಣಿಯಂಥ ಎಸಳು ಇರಬೇಕಾದಲ್ಲಿ ಉತ್ತರಾಣಿ ಕಡ್ಡಿಯ ತೂತು. ಇಪ್ಪತ್ತಾರರಲ್ಲೂ. ಉಳಿದದ್ದಕ್ಕೆ ಮೊಸರು, ಸೆಗಣಿ ಹತ್ತಿ ಒಣಗಿತ್ತು.

"ಒಂದಾದ್ರೂ ನೆಟ್ಟಗೈತೇನ್ರಿ?" ಎಂದು ನೀಲಕ್ಕ ಕೇಳಿದಳು.

"ಇಲ್ಲ."

ಆದರೂ ಕಳಿಸಿದರು. ಆದದ್ದನ್ನು ಮುಚ್ಚುಮರೆಯಿಲ್ಲದೆ ಪತ್ರದಲ್ಲಿ ಬರೆದು, ಹರುಕು ಹೂಗಳನ್ನು ಕಾಗದದ ಮಡಿಕೆಗಳಲ್ಲಿಟ್ಟು ರಿಜಿಸ್ಟರ್ ಅಂಚೆಗೆ ಹಾಕಿದರು. ಅಲ್ಲಿಂದ ದಿನಾ ಶಾಲೆ ಬಿಟ್ಟ ಮೇಲೆ ಗುಡ್ಡಕ್ಕೆ ಹೋಗಿ, ಚಿವುಟಿದ ಕುಡಿಯ ಕೆಳಗೆ ಇನ್ನೊಂದು ಮೊಗ್ಗು ಒಡೆದೀತೇ ಎಂದು ನೋಡುತ್ತಿದ್ದರು. ಮಳೆ ನಿಂತಿತ್ತು, ಮೂಡಗಾಳಿ ಬಿಟ್ಟಿತ್ತು. ಗಿಡಗಳು ಹೊಸದಾಗಿ ಏನೂ ಮಾಡುವ ಮನಸ್ಸಿಲ್ಲದವರಂತೆ ಕೆಳಗಿನಿಂದ ಹಳದಿಯಾಗುತ್ತ ಬಂದವು.

ನವೆಂಬರ್ ಕೊನೆಯ ವಾರ ಪುಣೆಯಿಂದ ಕಾರ್ಡು ಬಂತು. ಹೂಗಳ ಮುಖ್ಯ ಭಾಗವೇ ನಾಶವಾಗಿದೆ. ತಾವು ಪಟ್ಟ ಶ್ರಮ ನನಗೆ ಅರ್ಥವಾಗುತ್ತದೆ, ಆದರೆ ಇವುಗಳ ಆಧಾರದ ಮೇಲೆ ಹೆಸರಿಡಲು ಬರುವುದಿಲ್ಲ. 'ಧಾರವಾಡ ಜಿಲ್ಲೆಯಿಂದ ಒಂದು ಗಿಡ, ಪೂರ್ಣ ತಿಳಿದಿಲ್ಲ' ಎಂದು ಗ್ರಂಥದ ಅಡಿಟಿಪ್ಪಣಿಯಲ್ಲಿ ನಮೂದಿಸಿದ್ದೇನೆ. ನನ್ನ ನಂತರ ಇಲ್ಲಿ ಈ ಕುಲದ ಅಭ್ಯಾಸ ಮಾಡುವವರು ಸದ್ಯ ಯಾರೂ ಇಲ್ಲ.

ನೀಲಕ್ಕ ಕಾರ್ಡನ್ನು ಓದಿಸಿ ಕೇಳಿದಳು. "ಅಡಿಟಿಪ್ಪಣಿಯಾಗ ನಿಮ್ಮ ಹೆಸರು ಐತೇನ್ರಿ?"

"ಜಿಲ್ಲಾದ್ದು ಐತಿ."

ಮರುದಿನ ಭಾನುವಾರ. ಇನ್ನು ಹೆಸರಿನ ಆಸೆ ಹೋಯಿತು, ಬೀಜವಾದರೂ ಸಿಕ್ಕರೆ ಹಿತ್ತಲಲ್ಲಿ ಬಿತ್ತೋಣ ಎಂದು ಮಾಸ್ತರರು ಗುಡ್ಡ ಹತ್ತಿದರು. ಆ ಕಲ್ಲುಗಳನ್ನು ಎತ್ತಿ ಒಗೆಯಬೇಕೆಂಬುದೂ ಮನಸ್ಸಿನಲ್ಲಿತ್ತು. ಅಲ್ಲಿ ಫಕೀರವ್ವ ಒಬ್ಬಳೇ ಕೂತು ಕಲ್ಲುಗಳ ಸುತ್ತ ಸಾರಿಸುತ್ತಿದ್ದಳು. ಎಪ್ಪತ್ತು ದಾಟಿದ ಮುದುಕಿ. ಸೆಗಣಿಯ ಬುಟ್ಟಿ ಹೊತ್ತು ಈ ಏರು ಹತ್ತಿ ಬಂದಿದ್ದಳು.

ಮಾಸ್ತರರು ಒಂದು ಕಲ್ಲಿಗೆ ಕೈಹಾಕಿದರು.

"ಸರ, ಕೆರ ಬಿಡ್ರಿ," ಎಂದಳು ಅವಳು, ಅವರ ಚಪ್ಪಲಿ ನೋಡಿ.

"ಯವ್ವಾ, ಇವು ನಾ ಇಟ್ಟ ಕಲ್ಲು."

"ಕರಿಸಿದ್ದ ಹೇಳ್ಯಾನ್ರಿ. ಯಾರಾದ್ರೂ ಒಬ್ರು ಇಡಬೇಕಲ್ರಿ ಮತ್ತ, ಅವು ತಾವ ಬರ್ತಾವೇನು? ದೇವ್ರು ನಿಮ್ಮ ಕೈಲೆ ಇಡಿಸ್ಕೊಂಡಾನ." ಅವಳು ಸಾರಿಸುವುದನ್ನು ಮುಂದುವರಿಸಿದಳು. "ನನ್ನ ಮೊಮ್ಮಗಳಿಗೆ ಜ್ವರಾ ಇಳದ್ವು ಇಲ್ಲಿ ಕಾಯಿ ಒಡಿಸಿದ ಮ್ಯಾಲ. ಕೆರ ಬಿಟ್ಟು ಬರ್ರಿ."

ಇಪ್ಪತ್ತೆರಡು ವರ್ಷ ವಿಜ್ಞಾನ ಕಲಿಸಿದ ಮಾಸ್ತರರು ಕಲ್ಲಿನಿಂದ ಕೈ ತೆಗೆದು, ಚಪ್ಪಲಿ ಕಳಚಿ ಬಂಡೆಯ ಮೇಲಿಟ್ಟು ಬಂದರು. ಮೊಣಕಾಲೂರಿ ಗಿಡಗಳನ್ನು ಒಂದೊಂದಾಗಿ ಬೆರಳಲ್ಲಿ ತಡವಿದರು. ಎಲೆ ಉದುರಿದ ಬರಿ ಕಡ್ಡಿಗಳು. ಹೂ ಹೋದ ಮೇಲೆ ಕಾಯಿ ಎಲ್ಲಿಂದ ಬರಬೇಕು? ಇಪ್ಪತ್ತು ಎಣಿಸಿದರು, ಮೂವತ್ತು ಎಣಿಸಿದರು.

"ಏನ ಹುಡುಕಾಕತ್ತೀರಿ ಸರ?"

"ಬೀಜ."

"ಸಿಕ್ಕರ ನನಗೂ ನಾಕು ಕೊಡ್ರಿ. ಬರೂ ಪಾಡ್ಯಕ್ಕ ಹೂವು ಬೇಕಲ್ಲ," ಎಂದು ಫಕೀರವ್ವ ಸೆಗಣಿಯ ಕೈ ಹುಲ್ಲಿಗೆ ಒರೆಸಿಕೊಂಡು, ತಾನೂ ಅವರ ಎದುರಿಗೆ ಕೂತು ಕಡ್ಡಿಗಳನ್ನು ತಡವತೊಡಗಿದಳು.

ಮೂವತ್ತೇಳನೆಯದೂ ಮುಗಿಯಿತು. ಮಾಸ್ತರರು ಮತ್ತೆ ಮೊದಲಿನದರಿಂದ ಎಣಿಸಲು ಸುರು ಮಾಡಿದರು.